ಲಜ್ಜೆ ಕಾಯದ್ದೋ, ಕಣ್ಣಿನದೋ?

॥ ಶ್ರೀ ಗುರುಬಸವಲಿಂಗಾಯ ನಮಃ ॥

ಅಮರಕೋಶವನ್ನು ಬಾಯಿಪಾಠ ಮಾಡಿದವರಿಗೆಲ್ಲ ತಿಳಿದಿರುವ ಒಂದು ಸಂಗತಿಯಿಂದ ಈ ವಿಚಾರವನ್ನು ಆರಂಭಿಸೋಣ. ಆ ಕೋಶದಲ್ಲಿ ಲಜ್ಜೆಗೆ ಹ್ರೀ, ತ್ರಪಾ, ವ್ರೀಡಾ ಎಂಬ ಹೆಸರುಗಳ ಜೊತೆಗೆ ಮಂದಾಕ್ಷ ಎಂಬ ಹೆಸರೂ ಉಂಟು. ಮಂದಾಕ್ಷವೆಂದರೆ ಮಂದವಾದ ಕಣ್ಣು, ಕೆಳಗಿಳಿದ ದೃಷ್ಟಿ. ಲಜ್ಜೆಯು ದೇಹದಲ್ಲಿ ಹುಟ್ಟುವುದೆಂದು ನಾವು ಭಾವಿಸಿದ್ದೇವೆ. ಆ ಶಬ್ದವನ್ನು ರೂಢಿಗೆ ತಂದ ಪೂರ್ವಿಕರಾದರೋ ಅದನ್ನು ಕಣ್ಣಿನಲ್ಲಿ ಇರಿಸಿದರು. ಯಾರೂ ಕಾಣದ ಏಕಾಂತದಲ್ಲಿ ಯಾರಿಗೂ ನಾಚಿಕೆಯಿಲ್ಲ. ಇನ್ನೊಂದು ಕಣ್ಣು ತನ್ನ ಮೇಲೆ ಬಿದ್ದಿತೆಂದು ಎಣಿಸಿದ ಕ್ಷಣದಲ್ಲಿಯೇ ಅದು ಮೊಳೆಯುವುದು. ಹೀಗಿರಲು, ನಾಚಬೇಕಾದುದು ಕಾಯವೋ ಅಥವಾ ಅದನ್ನು ಅಳೆದು ಬೆಲೆ ಕಟ್ಟುವ ಕಣ್ಣೋ ಎಂಬುದು ಇಂದಿನ ವಿಚಾರ.

ಲಜ್ಜೆಯು ಎರಡು ಬಗೆಯಾಗಿರುವುದೆಂಬುದನ್ನು ಮೊದಲು ತಿಳಿಯತಕ್ಕದ್ದು. ಮೊದಲನೆಯದು ಮಾನವನ್ನು ಕಾಯುವ ಲಜ್ಜೆ. ಅದು ಸದ್ಗುಣ, ಮನೆಗೆ ಬಾಗಿಲು ಇದ್ದಂತೆ ಮನುಷ್ಯನಿಗೆ ಅದು ಇರಬೇಕು. ಎರಡನೆಯದು ತನ್ನ ಕಾಯವನ್ನು ಕಂಡು ತಾನೇ ಹೇಸುವ ಲಜ್ಜೆ. ಅದು ಸದ್ಗುಣವಲ್ಲ, ವ್ಯಾಧಿ. ಬಾಗಿಲು ಹಾಕಿಕೊಳ್ಳುವುದು ಬೇರೆ, ಮನೆಯನ್ನೇ ಶಪಿಸುವುದು ಬೇರೆ. ಈ ಎರಡನ್ನೂ ಒಂದೇ ಹೆಸರಿನಿಂದ ಕರೆಯುವುದರಿಂದ ವ್ಯಾಧಿಯು ಸದ್ಗುಣದ ವೇಷ ಧರಿಸಿ ನಮ್ಮ ಮನೆಗಳಲ್ಲಿ ನೆಲೆ ಮಾಡಿಕೊಂಡಿದೆ.

ಸದ್ಭಕ್ತರೇ, ನಿಮ್ಮ ನಿಮ್ಮ ಮನೆಗಳನ್ನೇ ನೋಡಿಕೊಳ್ಳಿರಿ. ಬಣ್ಣ ಕಪ್ಪೆಂದು ಎರಡು ಮೂರು ಕಡೆಯ ವರನ ಮನೆಯವರು ಒಲ್ಲೆವೆಂದು ಹೋದ ಬಳಿಕ ಮಗಳು ಕನ್ನಡಿಯ ಮುಂದೆ ನಿಲ್ಲುವುದನ್ನು ಬಿಡುತ್ತಾಳೆ. ಮೈ ಬಡಕಲೆಂದು ಗೆಳೆಯರು ನಕ್ಕ ಕಾರಣ ತರುಣನು ಅಂಗಿ ಕಳಚಿ ವಿಭೂತಿ ಧರಿಸಿ ಪೂಜೆಗೆ ಕೂಡಲು ಒಲ್ಲನು. ಕೈ ಮೇಲೆ ತೊನ್ನಿನ ಮಚ್ಚೆ ಕಾಣಿಸಿಕೊಂಡವನು ದಾಸೋಹದ ಪಂಕ್ತಿಯನ್ನು ಬಿಟ್ಟು ಮೂಲೆಯಲ್ಲಿ ಕೂಡುವನು. ಕ್ಯಾನ್ಸರ್ ರೋಗದ ನಿಮಿತ್ತ ಸ್ತನವನ್ನು ತೆಗೆಸಿಕೊಂಡ ತಾಯಿ, ಕಲೆಗಟ್ಟಿದ ತನ್ನ ಎದೆಯ ಮೇಲೆ ಇಷ್ಟಲಿಂಗವನ್ನು ಧರಿಸಬಹುದೇ ಎಂದು ಅಂಜಂಜುತ್ತ ಕೇಳುವಳು. ಧರಿಸಬಹುದೇ ಎಂಬ ಆ ಪ್ರಶ್ನೆಯಲ್ಲಿ ಎಷ್ಟು ದುಃಖವಿದೆ! ದೇಹವನ್ನೇ ದೇಗುಲವೆಂದು ಸಾರಿದ ಧರ್ಮದ ಮಡಿಲಲ್ಲಿ ಬೆಳೆದವಳ ಬಾಯಿಂದ ಈ ಪ್ರಶ್ನೆ ಬರುವುದೆಂದರೆ, ನಾವು ಅವಳಿಗೆ ಏನನ್ನು ಕಲಿಸಿದ್ದೇವೆಂಬುದನ್ನು ಯೋಚಿಸಬೇಕಲ್ಲವೇ? ಹಿಂದೆ ಊರಿನ ನಾಲ್ಕು ಜನರ ನಾಲಗೆಗೆ ಮಾತ್ರ ಹೆದರಬೇಕಾಗಿತ್ತು. ಈಗ ಅಂಗೈಯಗಲದ ಮೊಬೈಲಿನಲ್ಲಿ ತಿದ್ದಿ ತೀಡಿದ ಸಾವಿರ ಚಿತ್ರಗಳು ಹಗಲಿರುಳು ಬಂದು, ನಿನ್ನ ಮೈ ಹೀಗಿಲ್ಲ, ನಿನ್ನ ಮೋರೆ ಹೀಗಿಲ್ಲ ಎಂದು ಹಂಗಿಸುತ್ತಿವೆ.

ಈ ವ್ಯಾಧಿಗೆ ಪಶ್ಚಿಮ ದೇಶಗಳ ಕೆಲವರು ಒಂದು ವಿಲಕ್ಷಣವಾದ ಚಿಕಿತ್ಸೆಯನ್ನು ಮಾಡಿ ನೋಡಿದ್ದಾರೆ. ಕೇಳಿದೊಡನೆ ಹುಬ್ಬುಗಂಟಿಕ್ಕುವಂಥದಾದರೂ, ವಿಚಾರಶೀಲರು ತಾಳ್ಮೆಯಿಂದ ಕೇಳತಕ್ಕದ್ದು. ಜರ್ಮನಿ ದೇಶದಲ್ಲಿ ಹತ್ತೊಂಬತ್ತನೆಯ ಶತಮಾನದ ಕೊನೆಯಿಂದ ಒಂದು ಚಳವಳಿ ಬೆಳೆದು ಬಂದಿತು. ಅಲ್ಲಿನವರ ಭಾಷೆಯಲ್ಲಿ ಅದಕ್ಕೆ ಫ್ರೈಕೋರ್ಪರ್‌ಕುಲ್ಟೂರ್, ಅಂದರೆ ಮುಕ್ತಕಾಯ ಸಂಸ್ಕೃತಿ ಎಂದು ಹೆಸರು. ಕಾರ್ಖಾನೆಯ ಹೊಗೆಯಿಂದಲೂ ಇಕ್ಕಟ್ಟಾದ ನಗರಜೀವನದಿಂದಲೂ ಬೇಸತ್ತ ಜನರು ಬಿಸಿಲು, ಗಾಳಿ, ನೀರುಗಳಲ್ಲಿ ಬರಿಮೈಯಿಂದ ಇರುವುದೇ ಆರೋಗ್ಯವೆಂದು ಬಗೆದರು. 1903ರಲ್ಲಿ ಉತ್ತರ ಜರ್ಮನಿಯ ಕ್ಲಿಂಗ್‌ಬರ್ಗ್ ಎಂಬಲ್ಲಿ ಪೌಲ್ ಜಿಮ್ಮರ್‌ಮನ್ ಎಂಬಾತನು ಇದಕ್ಕಾಗಿಯೇ ಒಂದು ಉದ್ಯಾನವನ್ನು ತೆರೆದನು. ಅಂಥ ಸ್ಥಳಗಳಲ್ಲಿ ವಕೀಲನೂ ಕೂಲಿಯವನೂ ಮುದುಕಿಯೂ ಯುವತಿಯೂ ವಸ್ತ್ರವಿಲ್ಲದೆ ಈಜುವರು, ನಡೆಯುವರು, ಮಾತನಾಡುವರು. ಕಾಮಚೇಷ್ಟೆಗೆ ಅಲ್ಲಿ ಎಡೆಯಿಲ್ಲ. ಇನ್ನೊಬ್ಬರನ್ನು ದಿಟ್ಟಿಸಿ ನೋಡುವುದು, ಹಾಸ್ಯ ಮಾಡುವುದು, ಅನುಮತಿಯಿಲ್ಲದೆ ಚಿತ್ರ ತೆಗೆಯುವುದು ಅಪರಾಧವೆಂದೇ ಎಣಿಕೆ.

ಫಿನ್‌ಲ್ಯಾಂಡಿನ ಉಗಿಸ್ನಾನದ ಪದ್ಧತಿ ಇದಕ್ಕಿಂತ ಬಹು ಹಳೆಯದು. ಸುಮಾರು 55 ಲಕ್ಷ ಜನರಿರುವ ಆ ದೇಶದಲ್ಲಿ ಸೌನಾ ಎಂಬ ಉಗಿಮನೆಗಳು ಸುಮಾರು 30 ಲಕ್ಷ ಇವೆಯಂತೆ. 2020ರಲ್ಲಿ ಯುನೆಸ್ಕೋ ಸಂಸ್ಥೆಯು ಆ ಸಂಪ್ರದಾಯವನ್ನು ಮಾನವಕುಲದ ಪರಂಪರೆಯ ಪಟ್ಟಿಯಲ್ಲಿ ಸೇರಿಸಿತು. ಜಪಾನಿನ ಸಾರ್ವಜನಿಕ ಸ್ನಾನಗೃಹಗಳಲ್ಲಿಯೂ ಗಂಡಸರು ಒಂದು ಕಡೆ, ಹೆಂಗಸರು ಒಂದು ಕಡೆ, ಬರಿಮೈಯಿಂದ ಒಂದೇ ಬಿಸಿನೀರಿನ ಕೊಳದಲ್ಲಿ ಕೂಡುವರು. ಅಲ್ಲಿ ಅದು ಚಳವಳಿಯಲ್ಲ, ದಿನದ ಬಾಳು.

ಇದರಿಂದ ಮನಸ್ಸಿಗೆ ಏನಾಗುವುದೆಂಬುದನ್ನು ಲಂಡನ್ ವಿಶ್ವವಿದ್ಯಾಲಯದ ಗೋಲ್ಡ್‌ಸ್ಮಿತ್ಸ್ ಕಾಲೇಜಿನ ಮನಶ್ಶಾಸ್ತ್ರಜ್ಞರಾದ ಕೀಯನ್ ವೆಸ್ಟ್ ಎಂಬವರು ಪರೀಕ್ಷಿಸಿದ್ದಾರೆ. ಮೊದಲು 849 ಜನರನ್ನು ಪ್ರಶ್ನಿಸಿದರು. ಇಂಥ ಕೂಟಗಳಲ್ಲಿ ಹೆಚ್ಚಾಗಿ ಪಾಲ್ಗೊಂಡವರಲ್ಲಿ ತಮ್ಮ ದೇಹದ ವಿಷಯಕ್ಕೆ ಸಮಾಧಾನವೂ, ತಮ್ಮ ವಿಷಯಕ್ಕೆ ಗೌರವವೂ, ಆ ಮೂಲಕ ಬಾಳಿನ ತೃಪ್ತಿಯೂ ಹೆಚ್ಚಾಗಿ ಕಂಡವು. ಆದರೆ ತರ್ಕವನ್ನು ಓದಿದವರು ಇಲ್ಲಿ ತಡೆದು ಕೇಳಬೇಕು: ಬರಿಮೈಯಿಂದ ಸಮಾಧಾನ ಬಂದಿತೋ, ಅಥವಾ ಸಮಾಧಾನವುಳ್ಳವರೇ ಅಲ್ಲಿಗೆ ಹೋಗುವರೋ? ಆದಕಾರಣ ಅವರು ಒಮ್ಮೆ 24 ಜನರನ್ನೂ, ಇನ್ನೊಮ್ಮೆ 100 ಜನರನ್ನೂ ಅಂಥ ಕೂಟಕ್ಕೆ ಮೊದಲು ಮತ್ತು ಅನಂತರ ಪರೀಕ್ಷಿಸಿದರು. ಕೂಟದ ಬಳಿಕ ಅವರ ಸಮಾಧಾನವು ಹೆಚ್ಚಿದುದು ಕಂಡುಬಂದಿತು. ಅನಂತರದ ಇನ್ನೊಂದು ಪ್ರಯೋಗದಲ್ಲಿ 51 ಜನರನ್ನು ಚೀಟಿ ಎತ್ತಿದಂತೆ ಎರಡು ಗುಂಪು ಮಾಡಿ, ಒಂದು ಗುಂಪನ್ನು ವಸ್ತ್ರಸಹಿತವಾಗಿಯೂ ಇನ್ನೊಂದನ್ನು ವಸ್ತ್ರರಹಿತವಾಗಿಯೂ ಕೂಡಿಸಿದರು. ವಸ್ತ್ರರಹಿತರಾಗಿ ಕೂಡಿದವರಿಗೆ ತಮ್ಮ ಮೈಯ ಮೇಲೆ ಆದರವು ಹೆಚ್ಚಿತು. ಇತರರು ನನ್ನ ಮೈಯನ್ನು ಕಂಡು ಏನೆಂದುಕೊಳ್ಳುವರೋ ಎಂಬ ಅಳುಕು ಕಡಿಮೆಯಾದುದೇ ಇದಕ್ಕೆ ಕಾರಣವೆಂದು ಅವರು ಹೇಳುತ್ತಾರೆ. ಪರೀಕ್ಷೆಗೊಳಗಾದವರು ಸ್ವಲ್ಪ ಜನ, ಒಪ್ಪಿ ಬಂದವರು, ಆದುದರಿಂದ ಇದು ಎಲ್ಲರಿಗೂ ಹೊಂದುವುದೆಂದು ಸಾರುವಂತಿಲ್ಲ. ಆದರೂ ವಿಚಾರಕ್ಕೆ ಯೋಗ್ಯವಾದ ಸಂಗತಿಯಹುದು.

ಹೀಗಾಗಲು ಕಾರಣವೇನು? ಸ್ವಲ್ಪ ಆಲೋಚಿಸಿದರೆ ಮೂರು ಕಾರಣಗಳು ಹೊಳೆಯುವುವು. ಮೊದಲನೆಯದು, ಚಿತ್ರದಲ್ಲಿ ಕಾಣುವ ಮೈ ಆರಿಸಿದ್ದು, ತಿದ್ದಿದ್ದು. ನಿಜವಾದ ಜನರ ಮೈಯಲ್ಲಿ ಮಡಿಕೆಯುಂಟು, ಕಲೆಯುಂಟು, ಹೊಲಿಗೆಯ ಗುರುತುಂಟು, ಹೆರಿಗೆಯ ಗೆರೆಯುಂಟು. ಎಲ್ಲರೂ ಹೀಗೆಯೇ ಎಂಬುದು ಕಣ್ಣಿಗೆ ಬಿದ್ದಾಗ, ನಾನೊಬ್ಬನೇ ಕುರೂಪಿ ಎಂಬ ಭ್ರಮೆ ಹಗ್ಗವನ್ನು ಕಂಡ ಮೇಲಿನ ಹಾವಿನಂತೆ ಇಲ್ಲವಾಗುವುದು. ಎರಡನೆಯದು, ಯಾವ ನಗೆಗೆ ಅಂಜಿ ಮುಚ್ಚಿಕೊಂಡಿದ್ದರೋ ಆ ನಗೆ ಅಲ್ಲಿ ಬಾರದು. ಅಂಜಿಕೆಯು ತಾನಾಗಿ ಸಡಿಲುವುದು. ಮೂರನೆಯದು, ಉಡಿಗೆಯೊಡನೆ ಅಂತಸ್ತೂ ಕಳಚುವುದು. ಜರತಾರಿಯವನಾರು, ಹರಕು ಅಂಗಿಯವನಾರು ಎಂದು ನೀರಿನಲ್ಲಿ ನಿಂತವರನ್ನು ನೋಡಿ ಹೇಳುವುದು ಸಾಧ್ಯವೇ? ನಮ್ಮ ಗರಡಿಮನೆಗಳಲ್ಲಿ ಲಂಗೋಟಿ ಕಟ್ಟಿ ಕೆಂಪುಮಣ್ಣಿನಲ್ಲಿ ಹೊರಳಿದ ಪಟುಗಳಿಗೂ, ಜಾತ್ರೆಯ ಕಾಲದಲ್ಲಿ ಒಂದೇ ಹೊಳೆಯಲ್ಲಿ ಮಿಂದ ಯಾತ್ರಿಕರಿಗೂ ಇದರ ಅನುಭವ ಅಷ್ಟಿಷ್ಟು ಇದ್ದೇ ಇತ್ತು. ಮನೆಮನೆಗೆ ಬಚ್ಚಲುಮನೆ ಬಂದುದು ಅನುಕೂಲವೇ ಸರಿ. ಆದರೆ ನಿಜವಾದ ಮೈಗಳು ಕಣ್ಣಿನಿಂದ ಮರೆಯಾಗಿ ಚಿತ್ರದ ಮೈಗಳು ಮಾತ್ರ ಉಳಿದವು.

ಹಾಗಾದರೆ ನಾವೂ ವಸ್ತ್ರ ಕಳಚಿ ಕೂಡಬೇಕೋ ಎಂದು ಯಾರಾದರೂ ಕೇಳಿಯಾರು. ಬೇಕಿಲ್ಲ. ನಮ್ಮ ನಾಡಿನಲ್ಲಿ ಬತ್ತಲೆಗೆ ಅಶ್ಲೀಲವೆಂಬ ಒಂದೇ ಅರ್ಥವಿಲ್ಲವೆಂಬುದು ನಿಜ. ಶ್ರವಣಬೆಳಗೊಳದ ಬೆಟ್ಟದ ಮೇಲೆ ಸುಮಾರು 57 ಅಡಿ ಎತ್ತರದ ಗೊಮ್ಮಟಮೂರ್ತಿಯು ಸಾವಿರ ವರ್ಷಗಳಿಂದ ದಿಗಂಬರನಾಗಿ ನಿಂತಿದ್ದಾನೆ. 2018ರ ಮಹಾಮಸ್ತಕಾಭಿಷೇಕವನ್ನು ಕಂಡ ಹೆಂಗಸರು ಮಕ್ಕಳಾದಿಯಾಗಿ ಯಾರಿಗೂ ಅಲ್ಲಿ ಸಂಕೋಚವಾಗಲಿಲ್ಲ; ಕೈ ತಾವಾಗಿ ಮುಗಿದವು. ಆದರೆ ಇದೇ ನಾಡಿನಲ್ಲಿ ಬತ್ತಲೆಯ ಇನ್ನೊಂದು ಮುಖವೂ ಇತ್ತು. ಶಿವಮೊಗ್ಗ ಜಿಲ್ಲೆಯ ಚಂದ್ರಗುತ್ತಿಯಲ್ಲಿ ಹರಕೆಯ ಹೆಸರಿನಿಂದ ನಡೆಯುತ್ತಿದ್ದ ಬೆತ್ತಲೆ ಸೇವೆಯು 1986ರ ಘರ್ಷಣೆಯ ಬಳಿಕ ನಿಷಿದ್ಧವಾಯಿತು. ಅಲ್ಲಿ ಹೆಚ್ಚಾಗಿ ಬಡವರ, ದಲಿತರ ಮನೆಯ ಹೆಣ್ಣುಮಕ್ಕಳು ದೇವಿಯ ಕೋಪಕ್ಕೆ ಅಂಜಿ ನಡೆಯುತ್ತಿದ್ದರು. ಸುತ್ತಲೂ ನೋಡಲು ಬಂದವರು ಬಟ್ಟೆಯುಟ್ಟು ನಿಂತಿದ್ದರು. ಒಬ್ಬರು ಬತ್ತಲೆ, ನೂರು ಜನ ನೋಟಕರು ಎಂದಾದರೆ ಅದು ಮುಕ್ತಿಯಲ್ಲ, ಹಿಂಸೆ. ಕೌರವಸಭೆಯಲ್ಲಿ ನಡೆದುದೂ ಅದೇ. ತಾನಾಗಿ ಒಪ್ಪಿರಬೇಕು, ಎಲ್ಲರೂ ಸಮಾನರಾಗಿರಬೇಕು, ನೋಡುವ ಕಣ್ಣು ಶುದ್ಧವಾಗಿರಬೇಕು. ಈ ಮೂರರಲ್ಲಿ ಒಂದು ತಪ್ಪಿದರೂ ಔಷಧವು ವಿಷವಾಗುವುದು. ಆದುದರಿಂದ ವಸ್ತ್ರವನ್ನು ಕಳಚುವುದರಲ್ಲಿ ಮಹಿಮೆಯಿಲ್ಲ, ಕಣ್ಣಿನ ದೋಷವನ್ನು ಕಳಚುವುದರಲ್ಲಿ ಮಹಿಮೆಯಿದೆ ಎಂದು ತಿಳಿಯತಕ್ಕದ್ದು.

ಈ ತತ್ತ್ವವನ್ನು ಎಂಟು ಶತಮಾನಗಳಿಗೂ ಹಿಂದೆ ತನ್ನ ಬಾಳಿನಲ್ಲಿ ತೋರಿದವಳು ಉಡುತಡಿಯ ಮಹಾದೇವಿಯಕ್ಕ. ಅವಳ ಚರಿತ್ರೆಯನ್ನು ನೀವೆಲ್ಲ ಕೇಳಿರುವಿರಿ. ಆದರೆ ಅವಳ ಮೇಲೆ ಬಿದ್ದ ಕಣ್ಣುಗಳ ದೃಷ್ಟಿಯಿಂದ ಅದನ್ನು ಇನ್ನೊಮ್ಮೆ ನೋಡೋಣ. ಮೊದಲ ಕಣ್ಣು ಕೌಶಿಕನದು. ಅವನು ಅಕ್ಕನ ದೇಹವನ್ನು ಹಳಿಯಲಿಲ್ಲ, ಹೊಗಳಿದನು. ಇಲ್ಲಿ ಒಂದು ಸೂಕ್ಷ್ಮವಿದೆ. ಹಳಿಯುವ ಕಣ್ಣು ಮಾತ್ರವೇ ಸೆರೆಯೆಂದು ನಾವು ತಿಳಿದಿದ್ದೇವೆ. ಹೊಗಳುವ ಕಣ್ಣೂ ಸೆರೆಯೇ. ಏಕೆಂದರೆ ಎರಡೂ ಕಣ್ಣುಗಳಿಗೆ ಕಾಣುವುದು ಚರ್ಮ, ಒಳಗಿರುವವಳು ಕಾಣುವುದಿಲ್ಲ. ಅಕ್ಕನು ಆ ಅರಮನೆಯನ್ನೂ ಅದರ ಉಡಿಗೆ ತೊಡಿಗೆಗಳನ್ನೂ ಬಿಟ್ಟು, ಕೇಶವನ್ನೇ ಹೊದಿಕೆಯಾಗಿ ಮಾಡಿಕೊಂಡು ಹೊರಟಳು. ಇನ್ನು ಈ ದೇಹವು ರಾಜನ ಭೋಗವಸ್ತುವಲ್ಲ, ಚೆನ್ನಮಲ್ಲಿಕಾರ್ಜುನನದು ಎಂಬುದೇ ಆ ನಡೆಯ ಅರ್ಥ.

ಎರಡನೆಯ ಕಣ್ಣು ಕಲ್ಯಾಣದ ಅನುಭವಮಂಟಪದಲ್ಲಿ ಅಲ್ಲಮಪ್ರಭುದೇವರದು. ಶೂನ್ಯಸಂಪಾದನೆಯಲ್ಲಿ ಬರುವ ಆ ಪ್ರಸಂಗವು ಬಹು ಗಂಭೀರವಾದುದು. ಎಲ್ಲವನ್ನೂ ತೊರೆದೆನೆನ್ನುವವಳು ಕೂದಲಿನಿಂದ ಮೈಯನ್ನು ಮರೆಮಾಡಿಕೊಂಡುದೇಕೆ ಎಂಬುದು ಪ್ರಭುವಿನ ಪ್ರಶ್ನೆಯ ತಾತ್ಪರ್ಯ. ತನ್ನಲ್ಲಿ ನಾಚಿಕೆ ಉಳಿದಿರುವುದರಿಂದಲ್ಲ, ನೋಡುವವರ ಮನಸ್ಸಿಗೆ ನೋವಾಗದಿರಲೆಂದು ಎಂಬುದು ಅಕ್ಕನ ಉತ್ತರದ ತಾತ್ಪರ್ಯ. ಶರಣರೇ, ಈ ಉತ್ತರವನ್ನು ಚಿತ್ತದಲ್ಲಿ ಇಟ್ಟುಕೊಳ್ಳಿರಿ. ಹೊದಿಕೆ ಉಳಿಯಿತು, ಹೇಸಿಗೆ ಹೋಯಿತು. ಇತರರ ಮೇಲಿನ ಕರುಣೆಯಿಂದ ಮೈ ಮುಚ್ಚುವುದಕ್ಕೂ, ತನ್ನ ಮೈ ಕೆಟ್ಟದ್ದೆಂದು ಮುಚ್ಚುವುದಕ್ಕೂ ಭೂಮಿ ಆಕಾಶಗಳ ಅಂತರವಿದೆ. ಮೊದಲು ಹೇಳಿದ ಎರಡು ಲಜ್ಜೆಗಳನ್ನು ಬೇರ್ಪಡಿಸುವ ಗೆರೆ ಇದುವೇ. ಪ್ರಭುವಿನ ಕಣ್ಣು ಕೌಶಿಕನ ಕಣ್ಣಿನಂತೆ ಚರ್ಮದಲ್ಲಿ ನಿಲ್ಲಲಿಲ್ಲ; ಚರ್ಮವನ್ನು ದಾಟಿ ನಿಲುವನ್ನು ಕಂಡಿತು. ಅಂಥ ಕಣ್ಣುಗಳ ನಡುವೆ ನಿಂತವಳಿಗೆ ಅಳುಕಿಲ್ಲ.

ಇಲ್ಲಿ ಒಂದು ಪೂರ್ವಪಕ್ಷವು ಏಳುವುದು. ದೇಹವು ಮಲದ ಕೊಡ, ಎಲುಬಿನ ಹಂದರ ಎಂದು ಶರಣರೇ ಹೇಳಿಲ್ಲವೇ, ಅಕ್ಕನೂ ಹಾಗೆಯೇ ನುಡಿದಿಲ್ಲವೇ ಎಂದು ಓದಿದವರು ಕೇಳುವರು. ನುಡಿದಿರುವಳು, ಸತ್ಯ. ಆದರೆ ಯಾರಿಗೆ, ಯಾವಾಗ ಎಂಬುದನ್ನು ನೋಡಬೇಕು. ಆಯುರ್ವೇದದಲ್ಲಿ ಸ್ಥೂಲನಾದ ರೋಗಿಗೆ ಲಂಘನವನ್ನೂ ಕೃಶನಾದವನಿಗೆ ಬೃಂಹಣವನ್ನೂ ವಿಧಿಸಿದೆ; ಒಬ್ಬನಿಗೆ ಉಪವಾಸ, ಇನ್ನೊಬ್ಬನಿಗೆ ಪುಷ್ಟಿ. ದೇಹವನ್ನು ಹಳಿಯುವ ಮಾತು ಲಂಘನ. ರೂಪದ ಮದದಿಂದ ಮೈಮರೆತವನಿಗೆ, ಹೆಣ್ಣನ್ನು ಮಾಂಸವೆಂದು ಕಂಡ ಕಾಮುಕನಿಗೆ ಅದು ತಕ್ಕ ಮದ್ದು. ಆದರೆ ಮೊದಲೇ ತನ್ನ ಮೈಗೆ ಹೇಸಿ ಬಾಡಿ ಹೋದ ಹುಡುಗಿಗೆ ಅದೇ ಮಾತನ್ನು ಹೇಳಿದರೆ, ಬಡಕಲಾದವನಿಗೆ ಉಪವಾಸ ಹಾಕಿದಂತಾಗುವುದು. ಅವಳಿಗೆ ಬೇಕಾದುದು ಬೃಂಹಣ. ಅಂದರೆ ಬಸವಣ್ಣನವರು ತಮ್ಮ ಕಾಯವನ್ನೇ ಶಿವಾಲಯವಾಗಿ ಕಂಡ ಆ ಕಾಣ್ಕೆ.

ಇನ್ನೂ ಒಂದು ಮಾತು. ನಾನು ಸುಂದರನೆಂದು ಹಗಲಿರುಳು ನೆನೆಯುವವನಿಗೆ ದೇಹಾಭಿಮಾನವಿದೆಯೆಂದು ನಾವು ಸುಲಭವಾಗಿ ಹೇಳುವೆವು. ನಾನು ಕುರೂಪಿಯೆಂದು ಹಗಲಿರುಳು ನೆನೆಯುವವನಿಗೂ ಅದೇ ಅಭಿಮಾನವಿದೆ. ಮುಖ ಮಾತ್ರ ತಿರುಗಿದೆ. ಇಬ್ಬರ ಚಿತ್ತವೂ ಚರ್ಮದ ಗೂಟಕ್ಕೆ ಕಟ್ಟಿದ ಹಸುವಿನಂತೆ ಅದರ ಸುತ್ತಲೇ ತಿರುಗುತ್ತಿರುವುದು. ಆದಕಾರಣ ಆತ್ಮಗೌರವವೆಂದರೆ, ನಾನು ಚೆಲುವ ಎಂದು ತನಗೆ ತಾನೇ ಹೇಳಿಕೊಳ್ಳುವುದಲ್ಲ. ಈ ಮೈ ನನಗೆ ಬಂದ ಪ್ರಸಾದ, ಇದರಿಂದ ಕಾಯಕವಾಗಬೇಕು, ಇದರಲ್ಲಿ ಲಿಂಗವು ನೆಲೆಸಬೇಕು ಎಂದು ಅರಿತು ಗೂಟದಿಂದ ಬಿಡಿಸಿಕೊಳ್ಳುವುದು. ಕಾಯವಿಲ್ಲದೆ ಕಾಯಕವಿಲ್ಲ. ಪ್ರಸಾದವನ್ನು ಕೈಯೊಡ್ಡಿ ಪಡೆಯುವಾಗ ಇದು ಕಪ್ಪು, ಇದು ಸೊಟ್ಟ ಎಂದು ಯಾವ ಭಕ್ತನೂ ಆರಿಸುವುದಿಲ್ಲ.

ಈಗ ಆಚರಣೆಗೆ ಬರೋಣ. ಪರದೇಶದವರು ಸೌನಾದಲ್ಲಿಯೂ ಉದ್ಯಾನದಲ್ಲಿಯೂ ಹುಡುಕಿದ ಸಮಾಧಾನಕ್ಕೆ ಗೃಹಸ್ಥನಾದ ಲಿಂಗವಂತನ ಮನೆಯಲ್ಲಿಯೇ ದಾರಿಗಳಿವೆ. ಅವು ಹುಲ್ಲು ಬೆಳೆದು ಮುಚ್ಚಿಹೋಗಿವೆ, ಅಷ್ಟೇ. ಮೊದಲನೆಯ ದಾರಿ ವಿಭೂತಿಧಾರಣೆ. ತಲೆ, ಹಣೆ, ಕಿವಿ, ಕೊರಳು, ಭುಜ, ಎದೆ, ನಾಭಿ, ಬೆನ್ನು, ಮಣಿಕಟ್ಟು ಎಂದು ಮಂತ್ರೋಚ್ಚಾರದೊಡನೆ ಒಂದೊಂದು ಅಂಗವನ್ನೂ ಮುಟ್ಟಿ ಭಸ್ಮವನ್ನು ಧರಿಸಬೇಕೆಂದು ವಿಧಿಯಿದೆ. ಇಂದು ಹಣೆಗೆ ಒಂದು ಗೆರೆ ಎಳೆದು ಮುಗಿಸುವೆವು. ಪೂರ್ಣವಾಗಿ ಮಾಡಿ ನೋಡಿರಿ. ಪ್ರತಿದಿನ ಬೆಳಗ್ಗೆ ತನ್ನ ಮೈಯನ್ನು ತಾನೇ ಪೂಜ್ಯಭಾವದಿಂದ ಮುಟ್ಟುವವನು ಅದನ್ನು ಹೇಗೆ ದ್ವೇಷಿಸಿಯಾನು? ಚಂದವಾದ ಅಂಗಕ್ಕೆ ಮಾತ್ರ ಭಸ್ಮ ಹಚ್ಚು, ಕಲೆಯಿದ್ದಲ್ಲಿ ಬಿಡು ಎಂದು ಯಾವ ಆಗಮವೂ ಹೇಳಿಲ್ಲ.

ಎರಡನೆಯ ದಾರಿ ಲಿಂಗಧಾರಣೆ. ತಾಯಿಯ ಗರ್ಭದಲ್ಲಿರುವ ಶಿಶುವಿಗೇ ಲಿಂಗಸಂಸ್ಕಾರ ಮಾಡುವ ಸಂಪ್ರದಾಯ ನಮ್ಮದು. ಆ ಶಿಶು ಕಪ್ಪೋ ಬಿಳುಪೋ, ಹೆಣ್ಣೋ ಗಂಡೋ, ಅಂಗವಿಕಲವೋ ಎಂಬುದನ್ನು ಯಾರೂ ಕಂಡಿರುವುದಿಲ್ಲ. ಮುಖವನ್ನು ನೋಡುವ ಮೊದಲೇ ಗುರುವು ಒಪ್ಪಿಕೊಂಡ ದೇಹವನ್ನು, ಮುಖವನ್ನು ನೋಡಿದ ಮೇಲೆ ನಾವು ಒಲ್ಲೆವೆನ್ನುವುದು ಯಾವ ನ್ಯಾಯ? ಕಲೆಗಟ್ಟಿದ ಎದೆಯ ಮೇಲೆ ಲಿಂಗವನ್ನು ಧರಿಸಬಹುದೇ ಎಂದು ಕೇಳಿದ ತಾಯಿಗೆ ಉತ್ತರ ಇದರಲ್ಲಿದೆ. ಧರಿಸಬಹುದು, ತಾಯಿ. ಲಿಂಗವು ಎದೆಯ ಅಂದವನ್ನು ಕೇಳಿ ಬಂದುದಲ್ಲ. ಮೃತ್ಯುವಿನೊಡನೆ ಕಾದಾಡಿ ಉಳಿದು ಬಂದ ಎದೆಗಿಂತ ಉತ್ತಮವಾದ ಪೀಠವು ಅದಕ್ಕೆ ಇನ್ನೆಲ್ಲಿ ದೊರಕೀತು?

ಮೂರನೆಯ ದಾರಿ ಪಂಚಸೂತಕಗಳ ನಿರಾಕರಣೆ. ಜನನ, ಮರಣ, ಜಾತಿ, ಎಂಜಲು, ರಜಸ್ಸು ಎಂಬ ಐದು ಸೂತಕಗಳು ಲಿಂಗವಂತನಿಗಿಲ್ಲವೆಂದು ಶರಣರು ಸಾರಿದರು. ಇವುಗಳಲ್ಲಿ ರಜಸ್ಸೂತಕವನ್ನು ಇಲ್ಲವೆಂದುದು ಹೆಣ್ಣಿನ ಕಾಯಕ್ಕೆ ಕೊಟ್ಟ ಬಹು ದೊಡ್ಡ ಗೌರವ. ತಿಂಗಳಿಗೆ ಮೂರು ದಿನ ಹುಡುಗಿಯನ್ನು ಹೊರಗೆ ಕೂಡಿಸಿ, ನಿನ್ನ ಮೈ ಮೈಲಿಗೆಯೆಂದು ಕಲಿಸಿದ ಮೇಲೆ, ಅವಳು ತನ್ನ ಮೈಯನ್ನು ಗೌರವಿಸಬೇಕೆಂದು ಬಯಸುವುದು ವ್ಯರ್ಥ. ಇಂದಿಗೂ ಈ ಸೂತಕವನ್ನು ಆಚರಿಸುವ ಲಿಂಗವಂತರ ಮನೆಗಳು ಇವೆಯೆಂಬುದನ್ನು ಮುಚ್ಚಿಟ್ಟು ಫಲವೇನು? ಆಚರಿಸುವವರು ಇಂದೇ ಬಿಡತಕ್ಕದ್ದು.

ನಾಲ್ಕನೆಯ ದಾರಿ ನಾಲಗೆಯನ್ನು ಬಿಗಿಹಿಡಿಯುವುದು. ಕರಿಯ, ಕುಳ್ಳ, ಡೊಳ್ಳ, ಕಡ್ಡಿ ಎಂದು ಮಕ್ಕಳಿಗೆ ಮನೆಯವರೇ ಅಡ್ಡಹೆಸರಿಡುವರು, ಪ್ರೀತಿಯಿಂದ ಅಂದೆವೆನ್ನುವರು. ಆ ಹೆಸರು ಮಗುವಿನೊಳಗೆ ಬೇರು ಬಿಟ್ಟು ಮೂವತ್ತು ವರ್ಷವಾದರೂ ಒಣಗದು. ಹೆಣ್ಣು ನೋಡಲು ಹೋದವರು ಮನೆಗೆ ಹಿಂದಿರುಗಿ ಬಣ್ಣ, ಎತ್ತರ, ಹಲ್ಲುಗಳ ಲೆಕ್ಕ ಹಾಕುವಾಗ ತಮ್ಮ ಕಣ್ಣು ಕೌಶಿಕನ ಕಣ್ಣೋ ಪ್ರಭುವಿನ ಕಣ್ಣೋ ಎಂದು ಕೇಳಿಕೊಳ್ಳಲಿ. ದಾಸೋಹದ ಪಂಕ್ತಿಯಲ್ಲಿ ತೊನ್ನಿನವರ ಪಕ್ಕದಲ್ಲಿ ಮನೆಯ ಯಜಮಾನನೇ ಮೊದಲು ಕೂಡಲಿ. ತೊನ್ನು ಅಂಟುರೋಗವಲ್ಲವೆಂದು ವೈದ್ಯರು ಹೇಳಿ ಎಷ್ಟೋ ಕಾಲವಾಯಿತು. ನಮ್ಮ ಕಣ್ಣಿಗೆ ಅಂಟಿದ ರೋಗವು ಮಾತ್ರ ಇನ್ನೂ ವಾಸಿಯಾಗಿಲ್ಲ.

ಶರಣಬಂಧುಗಳೇ, ಆ ದೂರದೇಶದ ಜನರು ವಸ್ತ್ರವನ್ನು ಕಳಚಿ ಕಂಡುಕೊಂಡುದು ಇಷ್ಟೇ: ನಮ್ಮನ್ನು ಕಾಡಿದ್ದು ನಮ್ಮ ಮೈಯಲ್ಲ, ನಮ್ಮ ಮೇಲೆ ಬಿದ್ದಿದೆಯೆಂದು ನಾವು ಎಣಿಸಿದ ಕಣ್ಣು. ಅವರು ಆ ಕಣ್ಣನ್ನು ಕೆಲವು ಗಂಟೆಗಳ ಮಟ್ಟಿಗೆ, ಬೇಲಿಯೊಳಗಿನ ಒಂದು ತಾಣದಲ್ಲಿ ಶುದ್ಧವಾಗಿ ಇರಿಸಿಕೊಂಡರು. ಅಷ್ಟರಿಂದಲೇ ಅವರ ಎದೆ ಹಗುರವಾಯಿತು. ಲಿಂಗದೃಷ್ಟಿಯುಳ್ಳ ಒಂದು ಮನೆಯಲ್ಲಿ ಆ ಶುದ್ಧಿಯು ವರ್ಷವಿಡೀ, ಉಟ್ಟ ಬಟ್ಟೆಯಲ್ಲಿಯೇ ಇರಲು ಸಾಧ್ಯ. ಅಂಥ ಮನೆಯಲ್ಲಿ ಬೆಳೆದ ಮಗಳು ಮಾನಕ್ಕಾಗಿ ಸೆರಗನ್ನು ಹೊದೆಯುವಳೇ ಹೊರತು ಅಂಜಿಕೆಯಿಂದ ಹೊದೆಯಳು. ಮಗನು ಅಂಗಿ ಕಳಚಿ ಎದೆಯೆತ್ತಿ ಪೂಜೆಗೆ ಕೂಡುವನು. ಇಂದಿನ ಸಂಜೆಯೇ ನಿಮ್ಮ ಮನೆಯವರನ್ನು ಆ ಕಣ್ಣಿನಿಂದ ಒಮ್ಮೆ ನೋಡಿರಿ. ಬಳಿಕ ಕನ್ನಡಿಯಲ್ಲಿ ನಿಮ್ಮನ್ನೂ ಹಾಗೆಯೇ ನೋಡಿಕೊಳ್ಳಿರಿ.

ಸರ್ವರಿಗೂ ಮಂಗಳವಾಗಲಿ. ಶರಣು ಶರಣಾರ್ಥಿ.